ಕೋರ್ಟಿನಲ್ಲಿದ್ದ ಬಟ್ಟೆ

ಮೇಲಿನ ಕೋರ್ಟಿನ ತೀರ್ಪು ಬಂದ ದಿನ ನಮ್ಮ ಮನೆಯಲ್ಲಿ ಯಾರೂ ಅಳಲಿಲ್ಲ. ಮಾವ ಲಾಂಡ್ರಿಯ ಬಾಗಿಲನ್ನು ಅರ್ಧ ಎಳೆದು ಒಳಗೆ ಬಂದರು, ಕೈಕಾಲು ತೊಳೆದರು, ಊಟಕ್ಕೆ ಕೂತರು. ನಾನು ಅನ್ನ, ಬೇಳೆ ಬಡಿಸಿದೆ. ಆಲೂಗಡ್ಡೆ ಪಲ್ಯಕ್ಕೆ ಉಪ್ಪು ಹಾಕುವುದನ್ನೇ ಮರೆತಿದ್ದೆ. ಬೇರೆ ದಿನವಾಗಿದ್ದರೆ ನನ್ನ ಗಂಡ ಅದೊಂದನ್ನೇ ಹಿಡಿದುಕೊಂಡು ಅರ್ಧ ಗಂಟೆ ಪುರಾಣ ಓದುತ್ತಿದ್ದರು. ಅವತ್ತು ತುಟಿಪಿಟಕ್ಕೆನ್ನದೆ ತಿಂದರು.

"ಬಿಟ್ಟುಬಿಟ್ರು" ಎಂದರು ಮಾವ, ಅನ್ನ ಕಲಸುತ್ತ.

"ಯಾರನ್ನ?" ಅತ್ತೆ ಕೇಳಿದರು. ಗೊತ್ತಿದ್ದೇ ಕೇಳಿದರು.

"ಅವನನ್ನ. ಇನ್ಯಾರನ್ನ?"

ಅತ್ತೆ ಎದ್ದು ನೀರಿನ ಲೋಟಗಳನ್ನೆಲ್ಲ ತುಂಬಿಸಿದರು. ತುಂಬಿದ್ದ ಲೋಟಕ್ಕೂ ಮತ್ತೆ ಸುರಿದರು. ಮೇಜಿನ ಮೇಲೆ ನೀರು ಹರಿದು ಮಾವನ ತಟ್ಟೆಯ ಕೆಳಗೆ ಹೋಯಿತು. ಯಾರೂ ಒರೆಸಲಿಲ್ಲ.

ನಾನು ಈ ಮನೆಯ ಸೊಸೆ. ಬಂದು ಹತ್ತು ವರ್ಷವಾಯಿತು. ನನಗೆ ಬಾಯಿ ಸ್ವಲ್ಪ ಜಾಸ್ತಿ ಎಂದು ಈ ಬೀದಿಗೇ ಗೊತ್ತು, ಆದ್ದರಿಂದ ಈ ಕತೆಯನ್ನು ನಾನೇ ಹೇಳುತ್ತೇನೆ. ಕೊಲೆಯಾದದ್ದು ನನ್ನ ನಾದಿನಿ ಮತ್ತು ಅವಳ ಗಂಡ. ನನ್ನ ಮದುವೆಗೆ ಎರಡು ವರ್ಷ ಮುಂಚಿನ ಮಾತು. ಅವಳನ್ನು ನಾನು ನೋಡಿದವಳಲ್ಲ. ಎಷ್ಟು ಗಂಟೆಗೆ ಸತ್ತಳು, ಕೊಂದವನು ಯಾವ ಬಾಗಿಲಿನಿಂದ ಒಳಗೆ ಬಂದ, ಮೈಮೇಲೆ ಎಷ್ಟು ಗಾಯ, ಎಲ್ಲ ನನಗೆ ಬಾಯಿಪಾಠ. ಹೇಗೆ ನಗುತ್ತಿದ್ದಳು, ಯಾವುದಕ್ಕೆ ಸಿಟ್ಟಾಗುತ್ತಿದ್ದಳು ಎಂದು ಕೇಳಿ, ಒಂದೂ ಗೊತ್ತಿಲ್ಲ. ಈ ಮನೆಯಲ್ಲಿ ಅವಳು ಯಾವಾಗಲೂ ಕೇಸಿನ ಜೊತೆಯಲ್ಲೇ ಮಾತಿಗೆ ಬರುತ್ತಿದ್ದಳು.

ಅವರಿಗೊಬ್ಬಳು ಮಗಳು. ಆಗ ಆರು ವರ್ಷ, ಈಗ ಹದಿನೆಂಟು. ಅವತ್ತು ಇಲ್ಲಿ ಅಜ್ಜಿಯ ಪಕ್ಕದಲ್ಲಿ ಮಲಗಿದ್ದಕ್ಕೆ ಉಳಿದುಕೊಂಡಳು. ನರ್ಸಿಂಗ್ ಓದುತ್ತಿದ್ದಾಳೆ. ನಾವೆಲ್ಲ ಅವಳನ್ನು ತರ್ಲೆ ಎನ್ನುತ್ತೇವೆ, ಅವಳು ಆ ಹೆಸರಿಗೆ ಒಂದು ದಿನವೂ ಮೋಸ ಮಾಡಿಲ್ಲ. ನನಗೆ ಮಕ್ಕಳಾಗಲಿಲ್ಲ. ಅವಳು ನನ್ನನ್ನು ಮಾಮಿ ಎಂದು ಕರೆಯುತ್ತಾಳೆ, ಹೊಟ್ಟೆಯಲ್ಲಿ ಹುಟ್ಟಿದವಳಂತೆಯೇ ಜಗಳವಾಡುತ್ತಾಳೆ.

ಇನ್ನು ಮಾವನ ವಿಷಯ. ಬೀದಿಯವರು ಅವರನ್ನು ಕಲೆ ಡಾಕ್ಟರು ಎನ್ನುತ್ತಿದ್ದರು. ಶಾಯಿ, ತುಕ್ಕು, ಎಣ್ಣೆ, ಚಹಾ, ಯಾವ ಕಲೆಯಾದರೂ ಸರಿ, ಬಟ್ಟೆಯನ್ನು ಬೆಳಕಿಗೆ ಹಿಡಿದು ಒಮ್ಮೆ ನೋಡಿದರೆ ಸಾಕು, ಇದು ಎಂಥದ್ದು, ಎಷ್ಟು ಹೊತ್ತಿನದು ಎಂದು ಹೇಳಿಬಿಡುತ್ತಿದ್ದರು. ಬೇರೆ ಲಾಂಡ್ರಿಯವರು ಕೈಬಿಟ್ಟ ಬಟ್ಟೆಗಳೆಲ್ಲ ನಮ್ಮಲ್ಲಿಗೆ ಬರುತ್ತಿದ್ದವು. ಅದೊಂದು ಹೆಮ್ಮೆ ಅವರಿಗೆ.

ಹನ್ನೆರಡು ವರ್ಷದ ಹಿಂದೆ ಒಂದು ದಿನ ಬೆಳಗ್ಗೆ, ಅಳಿಯನ ಜೊತೆ ಸೈಕಲ್ ಅಂಗಡಿ ನಡೆಸುತ್ತಿದ್ದ ಪಾಲುದಾರ ಒಂದು ಬಿಳಿ ಶರ್ಟು ತಂದ. ತೋಳಿನ ಮೇಲೆ ಕಲೆ. "ಸಂಜೆಗೆ ಬೇಕಿತ್ತು" ಎಂದ. ಮಾವ ನೋಡಿ, "ಏನಯ್ಯಾ, ರಕ್ತ?" ಎಂದರು. ಅವನು, "ಚೈನಿಗೆ ಕೈ ಸಿಕ್ಕಿಹಾಕಿಕೊಳ್ತು" ಎಂದ. ಕೈ ತೋರಿಸು ಎಂದು ಮಾವ ಕೇಳಲಿಲ್ಲ. ಸಂಜೆಗೇನು, ಮಧ್ಯಾಹ್ನಕ್ಕೇ ಕೊಡ್ತೀನಿ ಎಂದು ಜಂಬ ಕೊಚ್ಚಿಕೊಂಡು, ಒಂದು ಗಂಟೆ ಕೂತು, ಇದ್ದಬದ್ದ ವಿದ್ಯೆಯನ್ನೆಲ್ಲ ಖರ್ಚು ಮಾಡಿ ಕಲೆಯನ್ನು ಹೇಳಹೆಸರಿಲ್ಲದ ಹಾಗೆ ತೆಗೆದರು. ಶರ್ಟು ತಂತಿಯ ಮೇಲೆ ಒಣಗುತ್ತಿದ್ದಾಗ ಮಗಳು ಅಳಿಯ ಇಬ್ಬರೂ ಹೋದ ಸುದ್ದಿ ಬಂತು.

ಪೊಲೀಸರಿಗೆ ಶರ್ಟನ್ನು ತೋರಿಸಿದವರೂ ಮಾವನೇ. ಕೆಳಗಿನ ಕೋರ್ಟಿನಲ್ಲಿ ಐದು ವರ್ಷ ನಡೆಯಿತು. ಆ ನ್ಯಾಯಾಧೀಶರು ಮಾವನ ಮಾತು ನಂಬಿ ಅವನಿಗೆ ಜೀವಾವಧಿ ಕೊಟ್ಟರು. ಅವನು ಮೇಲಿನ ಕೋರ್ಟಿಗೆ ಹೋದ. ಅಲ್ಲಿ ಏಳು ವರ್ಷ. ಅಲ್ಲಿಯವರು ಹೇಳಿದ್ದು ಇಷ್ಟು: ಲ್ಯಾಬಿನಲ್ಲಿ ಶರ್ಟಿನ ಮೇಲೆ ಏನೂ ಸಿಕ್ಕಿಲ್ಲ, ಸಾಕ್ಷಿ ಸತ್ತವಳ ತಂದೆ, ಬರೀ ಕಣ್ಣಂದಾಜಿನಿಂದ ರಕ್ತ ಎನ್ನುತ್ತಿದ್ದಾನೆ, ಆದ್ದರಿಂದ ಸಂಶಯದ ಲಾಭ ಆರೋಪಿಗೆ.

ಆ ಶರ್ಟು ಬಂದ ದಿನದಿಂದ ಮಾವ ಕಲೆಯ ಬಟ್ಟೆ ತಂದವರನ್ನೆಲ್ಲ ಕೂರಿಸಿ ವಿಚಾರಣೆ ಮಾಡುತ್ತಿದ್ದರು. "ಇದೇನು? ಎಲ್ಲಾಯ್ತು? ಯಾವಾಗ? ಜೊತೆಗೆ ಯಾರಿದ್ರು?" ಒಂದು ಪುಸ್ತಕದಲ್ಲಿ ಬರೆದು ಸಹಿ ಹಾಕಿಸಿಕೊಳ್ಳುತ್ತಿದ್ದರು. ಪಾಪ, ಚಹಾ ಚೆಲ್ಲಿಕೊಂಡ ಶಾಲೆ ಮೇಷ್ಟ್ರು ಒಮ್ಮೆ, "ಯಜಮಾನ್ರೇ, ನಂಗೆ ಜಾಮೀನಾದ್ರೂ ಸಿಗುತ್ತಾ?" ಎಂದು ಕೇಳಿದ್ದರು. ಎಲ್ಲರೂ ನಕ್ಕರು, ಮಾವ ಮಾತ್ರ ಪೆನ್ನು ಮುಂದೆ ಚಾಚಿದರು.

ತೀರ್ಪಿನ ಪ್ರತಿ ಕೈಗೆ ಬಂದ ಮೇಲೆ ಅತ್ತೆ ನನ್ನನ್ನು ಅಡುಗೆಮನೆಗೆ ಕರೆದು, "ಬಟ್ಟೆ ವಿಷಯ ಎಲ್ಲಿ ಬರ್ದಿದಾರೆ ನೋಡು" ಎಂದರು. ಅವರು ಕಾಯುತ್ತಿದ್ದುದು ಅದಕ್ಕೆ. ನಾದಿನಿ ಮದುವೆಯಾಗಿ ಹೋದಮೇಲೂ ಅವಳ ಮನೆಯ ಬಟ್ಟೆ ಪ್ರತಿ ಭಾನುವಾರ ಇಲ್ಲಿಗೇ ಬರುತ್ತಿತ್ತಂತೆ. ಲಾಂಡ್ರಿಯವರ ಮಗಳು ಬೇರೆಲ್ಲೋ ಒಗೆದುಕೊಂಡರೆ ಊರು ನಗುತ್ತದೆ ಎಂದು ಗಂಟು ತಂದು ಅಮ್ಮನ ಮುಂದೆ ಹಾಕುತ್ತಿದ್ದಳಂತೆ. ಸತ್ತ ಮೇಲೆ ಅವಳ ಬೀರುವಿನ ಬಟ್ಟೆಯನ್ನೆಲ್ಲ ಅತ್ತೆ ತಂದು ಒಗೆದು, ಇಸ್ತ್ರಿ ಮಾಡಿ ಇಟ್ಟಿದ್ದಾರೆ. ಈಗ ತರ್ಲೆ ಕೆಲವನ್ನು ಹಾಕಿಕೊಳ್ಳುತ್ತಾಳೆ. ಬಾರದೆ ಉಳಿದದ್ದು ಕೋರ್ಟಿನಲ್ಲಿದ್ದ ಗಂಟೊಂದೇ. ಅವಳ ಮೈಮೇಲಿದ್ದ ನೀಲಿ ಅಂಗಿ, ಅಳಿಯನ ಬಟ್ಟೆ, ಇಬ್ಬರ ಮೇಲೂ ಪಕ್ಕದ ಮನೆಯಾಕೆ ಹೊದಿಸಿದ್ದ ಬಿಳಿ ಚಾದರ. "ನನ್ನ ಮಗಳ ಬಟ್ಟೆ ಒಗೆಯದೆ ಬಿದ್ದಿದೆ" ಎಂದು ಅತ್ತೆ ಈ ಹತ್ತು ವರ್ಷದಲ್ಲಿ ನನಗೆ ಎಷ್ಟು ಸಲ ಹೇಳಿದ್ದಾರೋ ಲೆಕ್ಕವಿಲ್ಲ.

ಕೊನೆಯ ಪುಟದಲ್ಲಿತ್ತು. ಓದಿದೆ: "ಒಂದರಿಂದ ಆರರವರೆಗಿನ ವಸ್ತುಗಳು ಬೆಲೆಯಿಲ್ಲದವಾದ್ದರಿಂದ ಮೇಲ್ಮನವಿಯ ಅವಧಿ ಮುಗಿದ ನಂತರ ನಾಶಪಡಿಸತಕ್ಕದ್ದು."

"ನಾಶ ಅಂದ್ರೆ?"

"ಸುಟ್ಟುಹಾಕ್ತಾರೆ ಅತ್ತೆ."

"ಬೆಲೆಯಿಲ್ಲದವು ಅಂತಾನಾ ಬರ್ದಿರೋದು?"

"ಹೂಂ."

ಅದರ ಕೆಳಗೆ ಇನ್ನೊಂದು ಸಾಲಿತ್ತು. ಏಳನೆಯ ವಸ್ತು, ಆ ಬಿಳಿ ಶರ್ಟನ್ನು, ಅದರ ಮಾಲೀಕನಿಗೆ ಹಿಂದಿರುಗಿಸತಕ್ಕದ್ದು ಎಂದು. ಅದನ್ನು ನಾನು ಓದಲಿಲ್ಲ. ಅತ್ತೆಯ ಮುಖ ನೋಡಿದ ಮೇಲೆ ಓದುವ ಧೈರ್ಯ ನನಗಿರಲಿಲ್ಲ.

ಮರುದಿನ ಎಲ್ಲರೂ ನಮ್ಮ ಕೇಸು ನೋಡುತ್ತಿದ್ದ ವಕೀಲರಮ್ಮನ ಆಫೀಸಿಗೆ ಹೋದೆವು. ಆಕೆ ನಿಧಾನವಾಗಿ ಬಿಡಿಸಿ ಹೇಳಿದರು. ಎಲ್ಲಕ್ಕಿಂತ ಮೇಲಿನ ಕೋರ್ಟಿಗೆ ಹೋಗಲು ತೊಂಬತ್ತು ದಿನ ಸಮಯವಿದೆ. ಹೋದರೆ, ಅಲ್ಲಿ ತೀರ್ಮಾನವಾಗುವವರೆಗೆ ಒಂದು ದಾರವೂ ಆಚೆ ಬರುವುದಿಲ್ಲ, ನಾಲ್ಕು ವರ್ಷವೋ ಆರು ವರ್ಷವೋ ಹೇಳಲಾಗದು. ಹೋಗದಿದ್ದರೆ ಕೇಸು ಇಲ್ಲಿಗೆ ಮುಗಿಯಿತು, ಸುಡುವ ಮುಂಚೆ ಅರ್ಜಿ ಹಾಕಿ ಬಟ್ಟೆ ಬಿಡಿಸಿಕೊಳ್ಳಬಹುದು.

"ಅರ್ಜಿಗೆ ನಾನು ಸಹಿ ಹಾಕ್ತೀನಿ" ಎಂದರು ಅತ್ತೆ.

"ಅಪೀಲಿಗೆ ನಾನು ಹಾಕ್ತೀನಿ" ಎಂದರು ಮಾವ.

ವಕೀಲರಮ್ಮ ಕನ್ನಡಕ ತೆಗೆದರು. "ನಿಮ್ಮಿಬ್ಬರದ್ದೂ ಬೇಡ. ವಾರಸುದಾರಳು ಮಗಳು. ಈಗ ಮೇಜರ್ ಆಗಿದಾಳೆ. ಯಾವುದಕ್ಕಾದ್ರೂ ಅವಳ ಸಹಿಯೇ ಬೇಕು."

ತರ್ಲೆ ಆಗ ಗೋಡೆಯ ಮೇಲಿದ್ದ ಕ್ಯಾಲೆಂಡರ್ ನೋಡುತ್ತಿದ್ದಳು. ಎಲ್ಲರೂ ತನ್ನ ಕಡೆ ತಿರುಗಿದ್ದನ್ನು ಕಂಡು, "ಏನು? ನಾನೇನು ಮಾಡ್ದೆ?" ಎಂದಳು.

ಅಲ್ಲಿಂದ ಶುರುವಾಯಿತು ನೋಡಿ ನಮ್ಮ ಮನೆಯ ಚುನಾವಣೆ. ಒಂದೇ ಒಂದು ಮತ, ಇಬ್ಬರು ಅಭ್ಯರ್ಥಿಗಳು. ಬೆಳಗ್ಗೆ ಅತ್ತೆ ಅವಳಿಗೆ ಮೊಟ್ಟೆ ಬೇಯಿಸಿ, ಬ್ರೆಡ್ಡಿಗೆ ಎರಡೂ ಕಡೆ ಬೆಣ್ಣೆ ಹಚ್ಚಿ ಕೊಡುವರು. ಅದನ್ನು ತಿಂದು ಎದ್ದರೆ, ಮಾವ ಅಂಗಡಿಯಿಂದ ಬಿಸಿಬಿಸಿ ಇಸ್ತ್ರಿ ಮಾಡಿದ ಅವಳ ಬಿಳಿ ಯೂನಿಫಾರಂ ಹಿಡಿದು ನಿಂತಿರುವರು. ನಲವತ್ತು ವರ್ಷ ಸಂಸಾರ ಮಾಡಿದ ಗಂಡನಿಗೆ ಅತ್ತೆ ಒಂದು ದಿನವೂ ಎರಡು ಕಡೆ ಬೆಣ್ಣೆ ಹಚ್ಚಿದ್ದನ್ನು ನಾನು ಕಂಡಿಲ್ಲ.

"ಮಾಮಿ, ಇನ್ನೊಂದು ತಿಂಗಳು ಹೀಗೇ ನಡೆದ್ರೆ ನಾನು ಬಾಗಿಲಲ್ಲಿ ಹಿಡಿಸಲ್ಲ" ಎಂದಳು ತರ್ಲೆ.

"ತಿನ್ನು, ತಿನ್ನು. ಸಹಿ ಹಾಕಿದ ಮಾರನೇ ದಿನದಿಂದ ತಂಗಳನ್ನ" ಎಂದೆ ನಾನು.

ನನ್ನ ಗಂಡ ಮೂರನೇ ಪಕ್ಷ. ಅವರಿಗೆ ಎಲ್ಲ ಮುಗಿದರೆ ಸಾಕಾಗಿತ್ತು. "ಹನ್ನೆರಡು ವರ್ಷದಿಂದ ಈ ಮನೇಲಿ ಒಂದು ನೆಮ್ಮದಿ ಊಟ ಇಲ್ಲ. ಯಾವಾಗ ನೋಡಿದ್ರೂ ತಾರೀಖು, ತಾರೀಖು. ಅಪ್ಪಾ, ಸತ್ತಿದ್ದು ನನ್ನ ತಂಗೀನೂ ಅಲ್ವಾ?" ಎಂದು ಇಸ್ತ್ರಿ ಪೆಟ್ಟಿಗೆಯನ್ನು ದಡ್ ಎಂದು ಇಟ್ಟರು.

"ನಿಂಗೆ ತಂಗಿ ಕಣೋ" ಎಂದರು ಮಾವ. "ನಾನು ಕೈಯಾರೆ ಅವಳ ಕೇಸು ತೊಳೆದವನು."

"ತೊಳೆದದ್ದು ಆಯ್ತಲ್ಲ, ಎಷ್ಟು ವರ್ಷ ಅದನ್ನೇ ಹಿಂಡ್ತೀರಿ?"

ನನ್ನ ಗಂಡನ ಬಾಯಿಗೆ ಆಗ ನಾನು ಇಸ್ತ್ರಿ ಪೆಟ್ಟಿಗೆಯನ್ನೇ ಇಡಬೇಕಿತ್ತು. ಮಾವ ಎದ್ದು ಹೋದರು.

ದೊಡ್ಡ ಜಗಳವಾದದ್ದು ಐದನೆಯ ವಾರದಲ್ಲಿ, ಒಂದು ಭಾನುವಾರ ಮಧ್ಯಾಹ್ನ. ಮಾವ ತರ್ಲೆಯನ್ನು ಪಕ್ಕದಲ್ಲಿ ಕೂರಿಸಿಕೊಂಡು, "ನೀನು ಓದಿದವಳು, ನಿಮ್ಮಪ್ಪ ಅಮ್ಮನಿಗೆ ನ್ಯಾಯ ಸಿಗ್ಬೇಕೋ ಬೇಡ್ವೋ ನೀನೇ ಹೇಳು" ಎಂದು ಮೆತ್ತಗೆ ಶುರುಮಾಡಿದ್ದರು. ಅತ್ತೆ ಪಾತ್ರೆ ತೊಳೆಯುತ್ತಿದ್ದವರು ಒದ್ದೆ ಕೈಯಲ್ಲೇ ಬಂದರು.

"ಮಗೂಗೆ ಯಾಕೆ ತಲೆ ತುಂಬ್ತೀರಿ? ನ್ಯಾಯ ಬಂದ್ರೆ ಅವಳು ಎದ್ದು ಬರ್ತಾಳಾ?"

"ಬಟ್ಟೆ ಬಂದ್ರೆ ಎದ್ದು ಬರ್ತಾಳೇನೇ?"

"ಬರಲ್ಲ. ನಂಗೊತ್ತು ಬರಲ್ಲ ಅಂತ. ಆದ್ರೆ ಅದನ್ನ ಒಗೆದು, ಮಡಚಿ, ಅವಳ ಬೇರೆ ಬಟ್ಟೆ ಜೊತೆ ಇಟ್ರೆ ನಂಗೆ ನಿದ್ದೆ ಬರುತ್ತೆ. ನಾನಿನ್ನೆಷ್ಟು ವರ್ಷ ಇರ್ತೀನಿ? ಆ ಗಂಟು ಅಲ್ಲೇ ಇರುವಾಗ್ಲೇ ನಾನು ಹೋಗಿಬಿಟ್ರೆ?"

"ನಂಗೆ ಮಾತ್ರ ನಿದ್ದೆ ಬರ್ತಿದೆಯಾ?"

ಆಗ ಅತ್ತೆ ಆ ಮಾತಾಡಿದರು. ಹನ್ನೆರಡು ವರ್ಷ ಹೊಟ್ಟೆಯಲ್ಲಿಟ್ಟುಕೊಂಡ ಮಾತು. "ತೊಳೀಬಾರದ್ದನ್ನ ನೀವು ತೊಳೆದ್ರಿ. ತೊಳೀಬೇಕಾದ್ದನ್ನ ನಂಗೆ ತೊಳೆಯೋಕೆ ಬಿಡ್ತಿಲ್ಲ."

ತರ್ಲೆ ಅಜ್ಜಿಯ ಕೈ ಹಿಡಿದುಕೊಂಡಳು. ಮಾವ ಚಪ್ಪಲಿ ಮೆಟ್ಟಿಕೊಂಡು ಅಂಗಡಿಯ ಕಡೆಗೆ ಹೋದರು. ಭಾನುವಾರ ಅಂಗಡಿಗೆ ರಜೆ. ಸಂಜೆಯವರೆಗೆ ಅಲ್ಲೇ ಮುಚ್ಚಿದ ಬಾಗಿಲಿನ ಹಿಂದೆ ಕೂತಿದ್ದರು.

ಅಲ್ಲಿಂದ ಇಬ್ಬರಿಗೂ ಮಾತಿಲ್ಲ. ಊಟಕ್ಕೆ ಮಾವ ಮುಂಚೆ ಕೂರುವರು, ಅವರು ಎದ್ದ ಮೇಲೆ ಅತ್ತೆ. ನಡುವೆ ನಾನು ಅಂಚೆಯವಳು. "ನಿಮ್ಮ ಮಾವನಿಗೆ ಹೇಳು, ಸಾಬೂನು ಖಾಲಿಯಾಗಿದೆ." "ನಿಮ್ಮತ್ತೆಗೆ ಹೇಳು, ಬೆಳಗ್ಗೇನೇ ತಂದಿದೀನಿ." ಇಬ್ಬರೂ ಒಂದೇ ಕೋಣೆಯಲ್ಲಿ ನಿಂತು ಹೇಳಿಸುತ್ತಿದ್ದರು. ಎರಡು ವಾರದಲ್ಲಿ ನನಗೆ ತಲೆ ಚಿಟ್ಟುಹಿಡಿದು ಹೋಯಿತು. ಮಾವ ಕಲೆಯ ಬಟ್ಟೆ ತೆಗೆದುಕೊಳ್ಳುವುದನ್ನೇ ಬಿಟ್ಟರು. ಮೇಷ್ಟ್ರು ಶಾಯಿ ಚೆಲ್ಲಿದ ಜೇಬು ತಂದು ತೋರಿಸಿದರೆ, "ಬೇರೆ ಕಡೆ ಕೊಡಿ ಸ್ವಾಮಿ" ಎಂದರಂತೆ. ಅದನ್ನು ಕೇಳಿದಾಗ ನನಗೆ ಅವರ ಮೇಲೆ ಬಂದಷ್ಟು ಕನಿಕರ ನನ್ನ ಸ್ವಂತ ಅಪ್ಪನ ಮೇಲೂ ಬಂದಿರಲಿಲ್ಲ.

ಆ ದಿನಗಳಲ್ಲಿ ಒಂದು ಸಂಜೆ ತಾರಸಿಯ ಮೇಲೆ ಹೋಟೆಲಿನ ಚಾದರಗಳನ್ನು ತಂತಿಯಿಂದ ತೆಗೆಯುವಾಗ ತರ್ಲೆ ಕೇಳಿದಳು, "ಮಾಮಿ, ಆ ಅಂಗೀಲಿ ಅಮ್ಮನ ವಾಸನೆ ಇರುತ್ತಾ?"

"ಹನ್ನೆರಡು ವರ್ಷ ಆಯ್ತಲ್ಲೇ."

"ನಂಗೆ ಅವಳ ಮುಖ ನೆನಪಿಲ್ಲ. ಪೇಪರಲ್ಲಿ ಬಂದಿದ್ದ ಫೋಟೋನೇ ಕಣ್ಮುಂದೆ ಬರುತ್ತೆ. ಕುತ್ತಿಗೆ ಹತ್ರ ಏನೋ ಒಂದು ವಾಸನೆ ಇತ್ತು, ಅದು ನೆನಪಿದೆ. ಸಾಬೂನೋ ಪೌಡರೋ ಗೊತ್ತಿಲ್ಲ. ಇಲ್ಲಿರೋ ಅವಳ ಬಟ್ಟೆಯನ್ನೆಲ್ಲ ಮೂಸಿ ನೋಡಿದೀನಿ. ಅಜ್ಜಿ ಚೆನ್ನಾಗಿ ಒಗೆದುಬಿಟ್ಟಿದಾಳೆ."

ನಾನು ಚಾದರದ ಹಿಂದೆ ನಿಂತು ಕಣ್ಣೊರೆಸಿಕೊಂಡೆ.

"ನಾನು ಅಜ್ಜಿ ಕಡೆಗೇ ಸಹಿ ಹಾಕ್ತೀನಿ ಅನ್ಸುತ್ತೆ" ಎಂದಳು. "ಆದ್ರೆ ತಾತ ನನ್ನ ಮುಖ ನೋಡಲ್ವೇನೋ."

"ನೋಡ್ತಾರೆ. ಎಲ್ಲಿಗೆ ಹೋಗ್ತಾರೆ?" ಎಂದೆ. ಒಳಗೊಳಗೆ ನನಗೂ ನಂಬಿಕೆ ಇರಲಿಲ್ಲ.

ಒಂಬತ್ತನೆಯ ವಾರ. ಮಾವ ಸಾಬೂನಿನ ಪುಡಿ ತರಲು ಹೋಗಿದ್ದರು. ಅಂಗಡಿಯ ಮುಂದಿನ ಮೇಜಿನಲ್ಲಿ ಅತ್ತೆ ಕೂತಿದ್ದರು, ನಾನು ಹಿಂದೆ ಇಸ್ತ್ರಿ ಮಾಡುತ್ತಿದ್ದೆ. ಒಬ್ಬ ಮನುಷ್ಯ ಬಂದು ಒಂದು ಚೀಲ ಮೇಜಿನ ಮೇಲಿಟ್ಟ. ತಲೆ ಪೂರ್ತಿ ನೆರೆತಿತ್ತು, ಕೆನ್ನೆ ಒಳಗೆ ಹೋಗಿತ್ತು. ನನಗೆ ಗುರುತು ಸಿಗಲಿಲ್ಲ.

"ಚೆನ್ನಾಗಿದೀರಾ ಅಮ್ಮ?" ಎಂದ.

ಅತ್ತೆಯ ಬೆನ್ನು ಸೆಟೆದದ್ದು ನೋಡಿ ನನಗೆ ಗೊತ್ತಾಯಿತು, ಇವನೇ ಪಾಲುದಾರ.

"ನಾಲ್ಕು ಶರ್ಟಿದೆ. ಅರ್ಜೆಂಟೇನಿಲ್ಲ. ಮತ್ತೆ ಇದೇ ಬೀದೀಲಿ ಮನೆ ಮಾಡಿದೀನಿ. ಎಲ್ಲಾ ಮುಗೀತಲ್ಲ ಅಮ್ಮ, ಒಂದೇ ಬೀದಿಯವರು ಎಷ್ಟು ದಿನ ಮುಖ ತಿರುಗಿಸಿಕೊಂಡು ಓಡಾಡೋದು? ನಾನು ಮಾಡಿಲ್ಲ ಅಂತ ಕೋರ್ಟೇ ಹೇಳಿದೆ. ಯಜಮಾನ್ರ ಮೇಲೆ ನಂಗೇನೂ ಸಿಟ್ಟಿಲ್ಲ."

ಅತ್ತೆ ಚೀಲದಿಂದ ಶರ್ಟುಗಳನ್ನು ತೆಗೆದು, ಒಂದೊಂದರ ಕಾಲರು, ತೋಳು ನೋಡಿದರು. ಅಭ್ಯಾಸಬಲ, ಯಾರು ಕೊಟ್ಟರೂ ಕೈ ಆ ಕೆಲಸ ಮಾಡುತ್ತದೆ.

"ಆ ಹಳೇ ಶರ್ಟೂ ವಾಪಸ್ ಬರುತ್ತಂತೆ" ಎಂದ ಅವನು. "ತೀರ್ಪಲ್ಲೇ ಬರ್ದಿದಾರೆ. ಯಜಮಾನ್ರ ಕೈ ಅಲ್ವಾ, ಇನ್ನೂ ಬೆಳ್ಳಗೇ ಇರುತ್ತೆ."

ಹಂಗಿಸಿದನೋ, ಮಾತು ಬೆಳೆಸಲು ಸುಮ್ಮನೆ ಅಂದನೋ, ಇವತ್ತಿಗೂ ನನಗೆ ಗೊತ್ತಿಲ್ಲ. ಅತ್ತೆ ನಾಲ್ಕೂ ಶರ್ಟನ್ನು ಚೀಲಕ್ಕೆ ಹಾಕಿ ಅವನ ಕಡೆಗೆ ತಳ್ಳಿದರು.

"ಈ ಅಂಗಡೀಲಿ ಆಗಲ್ಲ."

ಅವನು ಚೀಲ ತೆಗೆದುಕೊಂಡು ಹೋದ. ಅತ್ತೆ ನನ್ನ ಕಡೆ ತಿರುಗಿದರು.

"ಶರ್ಟು ಅವನಿಗೆ ಕೊಡ್ತಾರೆ ಅಂತ ತೀರ್ಪಲ್ಲಿದೆಯಾ?"

"ಇದೆ ಅತ್ತೆ."

"ಓದಲಿಲ್ಲ ಯಾಕೆ?"

"ಬಾಯಿ ಬರಲಿಲ್ಲ."

"ಊರಿಗೆಲ್ಲ ಬರೋ ಬಾಯಿ, ಅದೊಂದಕ್ಕೆ ಬರಲಿಲ್ವಾ?"

ನಾನು ತಲೆ ತಗ್ಗಿಸಿದೆ. ಇಸ್ತ್ರಿ ಪೆಟ್ಟಿಗೆಯ ಕೆಳಗೆ ಯಾರದೋ ದಿಂಬಿನ ಚೀಲ ಸೀದುಹೋಗಿತ್ತು. ಅತ್ತೆ ಅದಕ್ಕೂ ಬಯ್ಯಲಿಲ್ಲ. "ಅವಳ ಅಂಗಿಗೆ ಬೆಲೆಯಿಲ್ಲ, ಅವನ ಶರ್ಟಿಗೆ ಬೆಲೆಯಿದೆ" ಎಂದು ತಮಗೆ ತಾವೇ ಹೇಳಿಕೊಂಡರು. ಆಮೇಲೆ ಕೂತು ಅತ್ತರು. ಹತ್ತು ವರ್ಷದಲ್ಲಿ ನಾನು ಅವರು ಅತ್ತದ್ದು ನೋಡಿದ್ದು ಅದೇ ಮೊದಲು.

ಅವತ್ತು ರಾತ್ರಿಯ ಊಟಕ್ಕೆ ಅತ್ತೆ ಮಾವನ ಜೊತೆಯಲ್ಲೇ ಕೂತರು. ನಾನು ಬಡಿಸುವ ಚಮಚ ಹಿಡಿದು ದಂಗಾಗಿ ನಿಂತೆ. ಆದರೂ ನೇರ ಮಾತಿಲ್ಲ.

"ನಿಮ್ಮ ಮಾವನಿಗೆ ಹೇಳು" ಎಂದರು ಅತ್ತೆ, "ಅಪೀಲು ಹಾಕ್ಲಿ. ಬಟ್ಟೆ ಅಲ್ಲೇ ಇರ್ಲಿ."

ಮಾವನ ಕೈ ತಟ್ಟೆಯಲ್ಲೇ ನಿಂತಿತು. ನಿಧಾನವಾಗಿ ಎದ್ದು, ಎಡಗೈಯಿಂದ ಗೂಟದ ಮೇಲಿದ್ದ ಕೋಟಿನ ಜೇಬಿನಿಂದ ಒಂದು ಕಾಗದ ತೆಗೆದು ಮೇಜಿನ ಮೇಲಿಟ್ಟರು.

"ನಿಮ್ಮತ್ತೆಗೆ ಹೇಳು, ಬಟ್ಟೆ ಬಿಡಿಸೋ ಅರ್ಜಿ ಟೈಪ್ ಮಾಡ್ಸಿದೀನಿ. ಇವತ್ತೇ. ಮಗು ಸಹಿ ಹಾಕಿದ್ರೆ ಸಾಕು."

"ಅಪೀಲು ಅಂದ್ರೆ ಅಪೀಲು" ಎಂದರು ಅತ್ತೆ.

"ಬಟ್ಟೆ ಅಂದ್ರೆ ಬಟ್ಟೆ" ಎಂದರು ಮಾವ.

ಇಷ್ಟು ದಿನ ಇವರು ಎಡಕ್ಕೆ ಎಳೆದರೆ ಅವರು ಬಲಕ್ಕೆ. ಈಗ ಜಾಗ ಅದಲುಬದಲಾಯಿತು, ಎಳೆದಾಟ ಮಾತ್ರ ತಪ್ಪಲಿಲ್ಲ. ನನ್ನ ಗಂಡ ತಲೆಯ ಮೇಲೆ ಕೈ ಹೊತ್ತು ಕೂತರು. ತರ್ಲೆ ಮೇಜು ಗುದ್ದಿ ಎದ್ದಳು.

"ನಾನೇನು ಈ ಮನೆ ರಬ್ಬರ್ ಸ್ಟಾಂಪಾ? ನಿಂಗೆ ಏನು ಬೇಕು ಅಂತ ಯಾರಾದ್ರೂ ಒಬ್ರು, ಒಂದ್ಸಲ, ನನ್ನ ಕೇಳಿದ್ರಾ?"

ಮಾವ ಕಾಗದವನ್ನು ಪಕ್ಕಕ್ಕೆ ಸರಿಸಿದರು.

"ಏನು ಬೇಕಮ್ಮಾ ನಿಂಗೆ?" ಮಾವನೇ ಕೇಳಿದರು.

"ನಂಗೆ ನೋಡ್ಬೇಕು. ಅಮ್ಮ ಕೊನೇಗೆ ಹಾಕ್ಕೊಂಡಿದ್ದನ್ನ ಒಂದ್ಸಲ ಮುಟ್ಟಿ ನೋಡ್ಬೇಕು. ಅಷ್ಟೇ. ಅಪೀಲಿಗೆ ಸಹಿ ಹಾಕ್ತೀನಿ. ಶರ್ಟಿನ ವಿಷಯ ಮಾಮಿ ಹೇಳಿದ್ಲು. ಅವನು ಆ ಶರ್ಟು ಹಾಕ್ಕೊಂಡು ಈ ಬೀದೀಲಿ ಓಡಾಡೋದನ್ನ ನಾನು ನೋಡಲ್ಲ. ಆದ್ರೆ ಅದಕ್ಕೆ ಮುಂಚೆ ಒಂದ್ಸಲ ಆ ಗಂಟು ಬಿಚ್ಚಿಸಿ. ಅಜ್ಜೀನೂ ಬರ್ಬೇಕು, ತಾತಾನೂ ಬರ್ಬೇಕು. ಇಬ್ರೂ ಮಾತಾಡ್ಕೊಂಡು ಬರ್ಬೇಕು."

ಕೊನೆಯ ಷರತ್ತು ಈಡೇರಲಿಲ್ಲ. ಬಸ್ಸಿನಲ್ಲಿ ಅತ್ತೆ ಮುಂದೆ, ಮಾವ ಹಿಂದೆ ಕೂತರು. ಉಳಿದದ್ದನ್ನು ವಕೀಲರಮ್ಮ ಮಾಡಿಸಿದ್ದರು. ಪಟ್ಟಿಯಲ್ಲಿರುವ ವಸ್ತುಗಳೆಲ್ಲ ಸರಿಯಾಗಿವೆಯೇ ಎಂದು ವಾರಸುದಾರಳು ನೋಡಬೇಕು ಎಂದು ಅರ್ಜಿ ಹಾಕಿ, ಕೋರ್ಟಿನಿಂದ ಒಂದು ಗಂಟೆಯ ಅನುಮತಿ ಪಡೆದಿದ್ದರು. ಎಂಬತ್ತನೆಯ ದಿನ ಅದು.

ಕೇಸುಗಳ ವಸ್ತುಗಳನ್ನಿಡುವ ಕೋಣೆ ಕೋರ್ಟಿನ ಹಿಂಭಾಗದಲ್ಲಿತ್ತು. ಕಬ್ಬಿಣದ ಕಪಾಟುಗಳು, ಅವುಗಳ ತುಂಬ ಚೀಟಿ ಅಂಟಿಸಿದ ಗಂಟುಗಳು. ಒಂದು ಕಿಟಕಿ. ಅಲ್ಲಿನ ಗುಮಾಸ್ತ ಒಳ್ಳೆಯ ಮನುಷ್ಯ, ಅತ್ತೆಗೆ ತನ್ನ ಕುರ್ಚಿಯನ್ನೇ ಬಿಟ್ಟುಕೊಟ್ಟ. "ಮುಟ್ಟಬಹುದು. ತಗೊಂಡು ಹೋಗೋ ಹಾಗಿಲ್ಲ" ಎಂದು ಹೇಳಿ, ನಮ್ಮೆದುರಿಗೇ ಅರಗಿನ ಮುದ್ರೆ ಒಡೆದು ಗಂಟು ಬಿಚ್ಚಿದ.

ನೀಲಿ ಅಂಗಿ ನೀಲಿಯಾಗಿ ಉಳಿದಿರಲಿಲ್ಲ. ಮುಂಭಾಗವೆಲ್ಲ ಕಂದು ಬಣ್ಣಕ್ಕೆ ತಿರುಗಿ ಗಟ್ಟಿಯಾಗಿತ್ತು. ಲ್ಯಾಬಿನವರು ಒಂದು ಕಡೆ ಚೌಕಾಕಾರವಾಗಿ ಕತ್ತರಿಸಿ ತೆಗೆದಿದ್ದರು. ತರ್ಲೆ ಎರಡೂ ಕೈಯಲ್ಲಿ ಎತ್ತಿಕೊಂಡು, ಕಾಲರಿಗೆ ಮುಖ ಒತ್ತಿದಳು. ತುಂಬ ಹೊತ್ತು ಹಾಗೇ ಇದ್ದಳು.

"ಇಲ್ಲ ಮಾಮಿ" ಎಂದಳು. "ಧೂಳು. ಬರೀ ಧೂಳು." ನನ್ನ ಹೆಗಲಿಗೆ ಬಿದ್ದು ಬಿಕ್ಕಿಬಿಕ್ಕಿ ಅತ್ತಳು. ಆರು ವರ್ಷದವಳಿದ್ದಾಗ ಅಳಬೇಕಾದದ್ದನ್ನೂ ಸೇರಿಸಿ ಅತ್ತಳು.

"ಕುತ್ತಿಗೆಗೆ ಪೌಡರ್ ಹಾಕ್ಕೊಳ್ತಿದ್ಲು" ಎಂದರು ಅತ್ತೆ ಇದ್ದಕ್ಕಿದ್ದಂತೆ. "ಬೆವರು ಜಾಸ್ತಿ ಅವಳಿಗೆ. ಡಬ್ಬಿ ಡಬ್ಬಿ ಸುರ್ಕೊಂಡು ಹಿಟ್ಟಿನ ಗಿರಣಿಯಿಂದ ಬಂದವಳ ಹಾಗೆ ಓಡಾಡ್ತಿದ್ಲು. ನಾನು ಬಯ್ತಿದ್ದೆ."

"ನಿಜವಾಗ್ಲೂ?" ತರ್ಲೆ ಮುಖ ಎತ್ತಿದಳು.

"ಬೈದ್ರೆ ಜೋರಾಗಿ ನಗೋಳು" ಎಂದರು ಮಾವ, ಬಾಗಿಲ ಹತ್ತಿರದಿಂದ. "ಬೀದಿ ಕೊನೇವರೆಗೆ ಕೇಳಿಸ್ತಿತ್ತು."

ಅತ್ತೆ ಅಂಗಿಯನ್ನು ತೆಗೆದುಕೊಂಡು ಮೇಜಿನ ಮೇಲೆ ಹಾಸಿದರು. ಸುಕ್ಕುಗಳನ್ನು ಅಂಗೈಯಿಂದ ಒತ್ತಿ ಒತ್ತಿ ಬಿಡಿಸಿದರು. ಗುಂಡಿಗಳನ್ನು ಹಾಕಿದರು. ತೋಳುಗಳನ್ನು ಹಿಂದಕ್ಕೆ ಮಡಚಿ, ಅಂಗಿಯನ್ನು ಮೂರು ಮಡಿಕೆ ಮಾಡಿ ಪಕ್ಕಕ್ಕಿಟ್ಟರು. ಅಳಿಯನ ಬಟ್ಟೆಯನ್ನೂ ಹಾಗೇ ಮಾಡಿದರು. ಉಳಿದದ್ದು ಚಾದರ. ದೊಡ್ಡದು, ಜೋಡಿ ಹಾಸಿಗೆಯದು, ಒಬ್ಬರ ಕೈಗೆ ಬಗ್ಗುವಂಥದ್ದಲ್ಲ. ನಾನು ಮುಂದೆ ಹೋದೆ. ಅತ್ತೆ ನನ್ನನ್ನು ಕಣ್ಣಲ್ಲೇ ನಿಲ್ಲಿಸಿದರು.

"ರೀ" ಎಂದರು. "ಆ ಕಡೆ ಹಿಡ್ಕೊಳ್ಳಿ."

ಮಾವ ಬಂದು ಎರಡು ತುದಿ ಹಿಡಿದರು. ಇಬ್ಬರೂ ಹಿಂದೆ ಸರಿದು ಚಾದರವನ್ನು ಬಿಗಿ ಮಾಡಿದರು. ನಡುವಿನ ದೊಡ್ಡ ಕಲೆಗಳು ಕಿಟಕಿಯ ಬೆಳಕಿಗೆ ಎದ್ದು ಕಂಡವು. ಮಾವ ಅವನ್ನು ನೋಡಿದರು, ಏನೂ ಹೇಳಲಿಲ್ಲ. ಅಂಚಿಗೆ ಅಂಚು ಕೂಡಿಸಿ ಒಬ್ಬರ ಕಡೆಗೊಬ್ಬರು ನಡೆದು ಬಂದರು, ಮಾವ ತಮ್ಮ ತುದಿಯನ್ನು ಅತ್ತೆಯ ಕೈಗೆ ಕೊಟ್ಟು, ಬಗ್ಗಿ ಕೆಳಗಿನ ಮಡಿಕೆ ಹಿಡಿದು ಮತ್ತೆ ಹಿಂದೆ ಸರಿದರು.

"ಸಮಯ ಆಯ್ತಮ್ಮ, ಸೀಲ್ ಮಾಡ್ಬೇಕು" ಎಂದ ಗುಮಾಸ್ತ.

"ಒಂದ್ನಿಮಿಷ ಇರಪ್ಪ, ಅಂಚು ಕೂಡಿಲ್ಲ."

ಅಂಚು ಕೂಡಿದ ಮೇಲೆ ಅತ್ತೆ ಚಾದರವನ್ನು ಕೆಳಗಿಟ್ಟು, ಅದರ ಮೇಲೆ ಅಳಿಯನ ಬಟ್ಟೆ, ಅದರ ಮೇಲೆ ಅಂಗಿ ಇಟ್ಟು, ತಾವೇ ಗುಮಾಸ್ತನ ಕೈಗೆ ಕೊಟ್ಟರು. ತರ್ಲೆ ಪಟ್ಟಿಗೆ ಸಹಿ ಹಾಕಿದಳು. ಆಮೇಲೆ ವಕೀಲರಮ್ಮ ಮುಂದಿಟ್ಟ ಅಪೀಲಿನ ಕಾಗದಕ್ಕೂ ಹಾಕಿದಳು.

"ಇನ್ನೆಷ್ಟು ವರ್ಷ ಆಗ್ಬಹುದಪ್ಪ?" ಅತ್ತೆ ಗುಮಾಸ್ತನನ್ನು ಕೇಳಿದರು.

"ಹೇಳೋಕಾಗಲ್ಲಮ್ಮ. ನಾಲ್ಕು, ಐದು. ಜಾಸ್ತೀನೂ ಆಗ್ಬಹುದು."

ಅತ್ತೆ ತಮ್ಮ ಬೆರಳುಗಳಲ್ಲಿ ಏನೋ ಎಣಿಸಿದರು. ಎಣಿಸಿ, ಮೊಮ್ಮಗಳ ಕಡೆ ತಿರುಗಿದರು.

"ಅಷ್ಟು ಹೊತ್ತಿಗೆ ನಾನಿಲ್ದಿದ್ರೆ ನೀನೇ ಬಂದು ತಗೊಂಡು ಹೋಗಿ ಒಗೀಬೇಕು. ತಣ್ಣೀರಲ್ಲಿ ನೆನೆಸು. ಬಿಸಿನೀರು ಹಾಕಿದ್ರೆ ರಕ್ತದ ಕಲೆ ಕೂತ್ಬಿಡುತ್ತೆ, ಅದೊಂದು ಮಾತ್ರ ಹಾಕ್ಬೇಡ್ವೇ."

"ಹಾಕಲ್ಲ ಅಜ್ಜಿ" ಎಂದಳು ತರ್ಲೆ.